ಮುಕ್ಕಾಲಿ ಕಂಡು ಹಿಂದೆ ಸರಿದ ಬೀದಿ

ತೆಲಂಗಾಣದ ಗಡಿಯೂರು ತಾಂಡೂರಿನ ಹಳೆ ಬಜಾರದ ಗಲ್ಲಿಯಲ್ಲಿ ಇನ್ನೂ ಷಟರುಗಳು ಎದ್ದಿಲ್ಲ. ಹೊಲಿಗೆ ಅಂಗಡಿಯ ಮೆಟ್ಟಿಲ ಪಕ್ಕ, ಗೋಡೆಗೆ ಒತ್ತಿಕೊಂಡು, ಶೈಲಶ್ರೀ ತಮ್ಮ ಮೂರು ಕಾಲಿನ ಸ್ಟ್ಯಾಂಡನ್ನು ಬಿಚ್ಚುತ್ತಾರೆ. ಒಂದು ಕಾಲು ಸಮ ನಿಲ್ಲುವುದಿಲ್ಲ, ಅದರ ಕೆಳಗೆ ಕಲ್ಲಿನ ಚೂರೊಂದನ್ನು ತುರುಕುತ್ತಾರೆ. ಕಲ್ಲು ಕೊಯ್ದು, ನುಣುಪು ಮಾಡಿ, ಲಾರಿ ತುಂಬಿಸುವುದೇ ಕಸುಬಾಗಿರುವ ಈ ಊರಿನಲ್ಲಿ ಚೂರಿಗೇನೂ ಬರವಿಲ್ಲ. ಮೇಲೆ ಕ್ಯಾಮೆರಾ ಕೂರಿಸಿ, ಒಂದು ಕಣ್ಣು ಮುಚ್ಚಿ ನೋಡಿ, ಗುಂಡಿ ಒತ್ತಿ, ಗಂಡನ ಹಳೆಯ ಸ್ವೆಟರಿನ ತೋಳಿನೊಳಗೆ ಕೈ ಎಳೆದುಕೊಂಡು ಸುಮ್ಮನೆ ನಿಲ್ಲುತ್ತಾರೆ. ಇನ್ನು ಹೊತ್ತು ಏರುವವರೆಗೆ ಅವರು ಕ್ಯಾಮೆರಾ ಅಲುಗಾಡಿಸುವುದಿಲ್ಲ, ಯಾರನ್ನೂ ಮಾತನಾಡಿಸುವುದಿಲ್ಲ. ಹಾಲಿನ ಗಾಡಿ ಬರುತ್ತದೆ, ಹೋಗುತ್ತದೆ. ಯಾರೋ ಬಾಗಿಲ ಮುಂದೆ ಬಕೆಟ್ ನೀರು ಚೆಲ್ಲುತ್ತಾರೆ. ನಾಯಿ ಒಂದು ಜಾಗ ಬಿಟ್ಟು ಇನ್ನೊಂದು ಜಾಗದಲ್ಲಿ ಮಲಗುತ್ತದೆ. ಇದೇ ಅವರ ಸಿನಿಮಾ.

ಎದುರಿಗೆ ಮನ್ಮಥಪ್ಪನವರ ಕಿರಾಣಿ ಅಂಗಡಿ. ಅಂಗಡಿಗೂ ರಸ್ತೆಗೂ ನಡುವೆ ತೆರೆದ ಚರಂಡಿ ಇದೆ, ಗಿರಾಕಿಗಳು ದಾಟಲೆಂದು ಬದಿಯಲ್ಲಿ ಒಂದು ಹಲಗೆ ಇದೆ. ಮೊನ್ನೆ ಮೊನ್ನೆಯವರೆಗೆ ಆ ಚರಂಡಿಯ ಮೇಲೆ ನೆಲಕ್ಕೆ ಹಾಸುವ ಪರ್ಸಿ ಕಲ್ಲಿನ ದೊಡ್ಡ ಚಪ್ಪಡಿಯೊಂದು ಹಾಸಿತ್ತು. ಕಲ್ಲಿನ ಮೇಲೆ ಸೊಪ್ಪು ಮಾರುವ ಸುಭದ್ರಮ್ಮ ಕೂರುತ್ತಿದ್ದರು. ಈಗ ಕಲ್ಲೂ ಇಲ್ಲ, ಸುಭದ್ರಮ್ಮನೂ ಇಲ್ಲ. ಇದಕ್ಕೆ ತಮ್ಮ ಕ್ಯಾಮೆರಾವೇ ಕಾರಣ ಎಂಬುದು ಶೈಲಶ್ರೀಗೆ ಗೊತ್ತು. ಆ ಹೆಂಗಸು ಮರಳಿ ಅಲ್ಲಿ ಕೂರುವ ತನಕ ಈ ಚಿತ್ರ ಮುಗಿಯದು ಎಂದು ಹಟ ಹಿಡಿದು ಬೆಳಿಗ್ಗೆ ಬೆಳಿಗ್ಗೆ ಬಂದು ಆ ಖಾಲಿ ಜಾಗದ ಎದುರು ನಿಲ್ಲುತ್ತಾರೆ.

“ನನ್ನ ಪಿಚ್ಚರಿನಾಗ ನಾ ಏನೂ ಮಾಡಂಗಿಲ್ರಿ, ಬರೇ ನೋಡ್ತೀನಿ ಅಂತ ಮಂದಿ ಮುಂದ ಹೇಳ್ಕೋತ ತಿರುಗಿದಾಕಿ ನಾನು,” ಎನ್ನುತ್ತಾರೆ ಅವರು, ಕಣ್ಣು ರಸ್ತೆಯಿಂದ ತೆಗೆಯದೆ. “ಇದೊಂದರಾಗ ಮಾಡಿ ಕುಂತೀನಿ.”

ನಲವತ್ತರ ಆಸುಪಾಸಿನ ಶೈಲಶ್ರೀ ಹುಟ್ಟಿದ್ದು ಮೊಗುಡಂಪಲ್ಲಿಯಲ್ಲಿ. ಎಮ್ಮೆ ದಾರಿ ತಪ್ಪಿದರೆ ಇನ್ನೊಂದು ರಾಜ್ಯದಲ್ಲಿ ಹುಡುಕಬೇಕಾದ ಊರು ಅದು. ತಂದೆಗೆ ಜಹೀರಾಬಾದಿನಲ್ಲಿ ತೊಗರಿ ವ್ಯಾಪಾರ. ಮನೆಯಲ್ಲಿ ಕನ್ನಡ, ಶಾಲೆಯಲ್ಲಿ ತೆಲುಗು, ಬಜಾರದಲ್ಲಿ ಉರ್ದು ಕಲಿತ ಹುಡುಗಿ ಮೂರು ಭಾಷೆಯಲ್ಲೂ ಮಾತು ಕಡಿಮೆ ಎಂದೇ ಹೆಸರಾದಳು. ಚಿತ್ರ ಬರೆಯುವ ಗೀಳು ಇತ್ತು. ಕಲಬುರಗಿಗೆ ಹೋಗಿ ಚಿತ್ರಕಲೆ ಓದಿದರು. ಓದಿ ಬಂದ ಮೇಲೆ ಈ ಕಡೆ ಚಿತ್ರ ಕಲಿತವರಿಗೆ ಕಾದಿರುವ ಕೆಲಸ ಎರಡೇ ಎಂದು ತಿಳಿಯಿತು: ಶಾಲೆಯ ಗೋಡೆಗೆ ಹಣ್ಣು, ಹೂವು, ಅಕ್ಷರ ಬರೆಯುವುದು, ಇಲ್ಲವೇ ಮದುವೆಗೆ ಕ್ಯಾಮೆರಾ ಹಿಡಿಯುವುದು. ಎರಡನ್ನೂ ಮಾಡಿದರು. ಎರಡನೆಯದು ಕೈ ಹಿಡಿಯಿತು. ಹೆಣ್ಣುಮಕ್ಕಳ ಕೋಣೆಯಲ್ಲಿ ಅರಿಶಿನ ಹಚ್ಚುವಾಗ, ಬಳೆ ತೊಡಿಸುವಾಗ ಗಂಡಸು ಕ್ಯಾಮೆರಾ ಹಿಡಿದು ನಿಂತರೆ ಮುಜುಗರ. ಶೈಲಶ್ರೀ ನಿಂತರೆ ಯಾರಿಗೂ ತೊಂದರೆಯಿಲ್ಲ. ಜಹೀರಾಬಾದ್, ನಾರಾಯಣಖೇಡ, ತಾಂಡೂರು, ಎಲ್ಲಿ ಲಗ್ನವಿದ್ದರೂ ಕರೆ ಬರುತ್ತಿತ್ತು. ಇಂದಿಗೂ ಮನೆಯ ಖರ್ಚಿಗೆ ಅದೇ ಆಧಾರ.

“ಇತ್ತ ನೋಡ್ರಿ, ಜರಾ ನಗ್ರಿ, ಅಕ್ಕಿಕಾಳ ಇನ್ನೊಂದ ಸಲ ಹಾಕ್ರಿ. ಹಿಂಗ ಅಂದು ಅಂದು ಬಾಯಿ ಒಣಗಿ ಹೋಗಿತ್ರಿ,” ಎಂದು ನೆನೆಯುತ್ತಾರೆ. “ಒಂದ ಮದುವ್ಯಾಗ ಮದುಮಗಳ ಅವ್ವ ಅಡಗಿ ಮನಿ ಮೂಲ್ಯಾಗ ಕುಂತು, ತನ್ನ ಕಾಲು ತಾನೇ ಒತ್ಕೊಳ್ಳಾಕತ್ತಿದ್ಲು. ಯಾರೂ ನೋಡ್ತಿಲ್ಲ ಅಂತ ಆಕಿಗಿ ಗೊತ್ತು. ಅಷ್ಟ ದೊಡ್ಡ ಮದುವ್ಯಾಗ ಖರೇ ಅನಿಸಿದ್ದು ಅದೊಂದೇ. ತೆಗೆದು ಕೊಟ್ಟೆ. ಮನಿಯವರು, ಅಕ್ಷತಾ ಬಿಟ್ಟು ಇದೇನ್ ತೆಗ್ದೀರಿ ಅಂತ ಬೈದ್ರು.”

ಬೈಸಿಕೊಂಡ ಮೇಲೆ ಅವರಿಗೆ ತಮ್ಮ ದಾರಿ ಸ್ಪಷ್ಟವಾಯಿತು ಎಂದು ಬರೆದರೆ ಚೆಂದ ಕಾಣುತ್ತದೆ, ಆದರೆ ಹಾಗೇನೂ ಆಗಲಿಲ್ಲ. ವರ್ಷಗಟ್ಟಲೆ ಮದುವೆಗಳನ್ನೇ ತೆಗೆದರು. ಮಧ್ಯೆ ಮಧ್ಯೆ, ಬಸ್ಸು ತಡವಾದಾಗ, ಊಟದ ಪಂಕ್ತಿ ಏಳುವವರೆಗೆ, ಕ್ಯಾಮೆರಾವನ್ನು ಎಲ್ಲಾದರೂ ಒಂದೆಡೆ ನಿಲ್ಲಿಸಿ ಬಿಡುವುದು ರೂಢಿಯಾಯಿತು. ಜಹೀರಾಬಾದ್ ಬಸ್ ಸ್ಟ್ಯಾಂಡಿನಲ್ಲಿ ಜನ ಬೋರ್ಡು ಓದಲು ಕತ್ತೆತ್ತುವುದು, ಓದಿ ಮುಗಿಸುವಷ್ಟರಲ್ಲಿ ಬಸ್ಸು ಹೊರಡುವುದು, ಇದಿಷ್ಟರದೇ ಒಂದು ಚಿತ್ರ ಆಯಿತು. ನಾರಾಯಣಖೇಡದ ಚಹಾ ಹೋಟೆಲಿನ ಒಂದು ಬೆಂಚಿನದು ಇನ್ನೊಂದು: ಮುಂಜಾನೆಯಿಂದ ಸಂಜೆಯವರೆಗೆ ಅದರ ಮೇಲೆ ಯಾರು ಯಾರು ಕೂತರು, ಯಾರು ಬಂದಾಗ ಯಾರು ಎದ್ದರು ಅಷ್ಟೇ. ಸಂಗೀತವಿಲ್ಲ, ಹಿಂದೆ ನಿಂತು ವಿವರಿಸುವ ಗಂಭೀರ ದನಿಯಿಲ್ಲ. ನೋಡಲು ಬಂದವರೊಬ್ಬರು ಹೀರೋ ಯಾವಾಗ ಬರುತ್ತಾನೆ ಎಂದು ಕೇಳಿದ್ದುಂಟು.

ಕರಣಕೋಟದ ಸಿಮೆಂಟ್ ಕಾರ್ಖಾನೆಯಲ್ಲಿ ಕೆಲಸ ಮಾಡುವ ಪತಿ ಬಸವಕಿರಣ, ಹೆಂಡತಿಯ ಕಲೆಯ ಬಗ್ಗೆ ಯಾವ ಭ್ರಮೆಯನ್ನೂ ಇಟ್ಟುಕೊಂಡವರಲ್ಲ. “ಡ್ಯೂಟಿ ಮುಗಿಸಿ ಬಂದು ಆ ಬೆಂಚಿನ ಪಿಚ್ಚರ್ ನೋಡಾಕ ಕುಂತೆ. ಕಣ್ಣ ಹತ್ತಿತು. ಎಚ್ಚರಾದಾಗ ಅದೇ ಬೆಂಚ್, ಅದೇ ಅಜ್ಜ. ಏನೂ ತಪ್ಪಿಸ್ಕೊಂಡಿಲ್ಲ ಅಂತ ಸಮಾಧಾನ ಆತು,” ಎನ್ನುತ್ತಾರೆ. ಆದರೆ ಶೈಲಶ್ರೀ ಎಲ್ಲಿ ಚಿತ್ರ ತೋರಿಸಿದರೂ ಪ್ರೊಜೆಕ್ಟರ್ ಹೊತ್ತು ತಂದು, ವೈರು ಎಳೆದು, ಕೊನೆಗೆ ಸುತ್ತಿ ಒಯ್ಯುವವರು ಅವರೇ. ನಡುವೆ ನಿದ್ದೆ ಮಾಡುವುದು ಅವರ ಹಕ್ಕು.

ಹಳೆ ಬಜಾರದ ಚಿತ್ರ ಶುರುವಾದದ್ದು ಈ ಚಳಿಗಾಲದ ಮೊದಲಿಗೆ. ಅಂಗಡಿ ಸಾಲು ಬೆಳಿಗ್ಗೆ ಹೇಗೆ ಕಣ್ಣು ಬಿಡುತ್ತದೆ, ಒಳಗಿನ ಸಾಮಾನು ಹೇಗೆ ಒಂದೊಂದಾಗಿ ಹೊರಗೆ ಬಂದು ರಸ್ತೆಯನ್ನು ಕಿರಿದು ಮಾಡುತ್ತದೆ ಎಂಬುದನ್ನು ಹಿಡಿಯಬೇಕೆಂದಿದ್ದರು. ಕ್ಯಾಮೆರಾ ನಿಲ್ಲಿಸಿದರು. ಕಣ್ಣೆದುರು ನಡೆದದ್ದು ತದ್ವಿರುದ್ಧ. ಷಟರು ಎತ್ತಿದವರು ಸಾಮಾನು ಹೊರಗಿಡಲಿಲ್ಲ. ಹೊರಗಿದ್ದದ್ದನ್ನು ಒಳಗೆ ಎಳೆದುಕೊಂಡರು. ತಾಡಪಾಲಿನ ಚಪ್ಪರಗಳು ಮಡಚಿಕೊಂಡವು. ಪ್ಲಾಸ್ಟಿಕ್ ಕೊಡಗಳ ಗೊಂಚಲು ಮಾಯವಾಯಿತು. ಹೊಲಿಗೆ ಅಂಗಡಿಯ ಸಿದ್ದರಾಮ ರಸ್ತೆಗೆ ಚಾಚಿದ್ದ ತನ್ನ ಬೋರ್ಡನ್ನು ಏಣಿ ಹಾಕಿ ಇಳಿಸಿ, ಅದನ್ನು ಬಗಲಲ್ಲಿ ಹಿಡಿದು ಒಳಗೆ ಹೋದ. ಮರುದಿನವೂ ಹೀಗೆಯೇ. ಸ್ಟ್ಯಾಂಡು ಮಡಚಿ ಶೈಲಶ್ರೀ ಮನೆಯ ದಾರಿ ಹಿಡಿದ ಮೇಲೆ ಎಲ್ಲವೂ ಮತ್ತೆ ಹೊರಗೆ ಬರುತ್ತಿತ್ತೆಂಬುದು ಅವರಿಗೆ ತಿಳಿಯದು. ತಾಂಡೂರಿನ ವ್ಯಾಪಾರಿಗಳಲ್ಲಿ ಇಷ್ಟು ಶಿಸ್ತಿದೆ ಎಂದು ಅವರಿಗೆ ಗೊತ್ತಿರಲಿಲ್ಲ. ವ್ಯಾಪಾರಿಗಳಿಗೂ ಗೊತ್ತಿರಲಿಲ್ಲ.

ಆಗಿದ್ದು ಇಷ್ಟೇ. ಬೆಳ್ಳಂಬೆಳಿಗ್ಗೆ ರಸ್ತೆಯ ಬದಿಯಲ್ಲಿ ಮೂರು ಕಾಲಿನ ಯಂತ್ರ ನಿಂತಿದೆ ಎಂದರೆ ಈ ಊರಿನವರಿಗೆ ಅರ್ಥ ಒಂದೇ: ರಸ್ತೆ ಅಗಲ ಮಾಡುವ ಅಳತೆ. ಹಿಂದೊಮ್ಮೆ ಬೇರೊಂದು ಬೀದಿಯಲ್ಲಿ ಹೀಗೇ ಯಂತ್ರ ಬಂದು ನಿಂತು, ಆಮೇಲೆ ಮುಂದೆ ಚಾಚಿದ್ದೆಲ್ಲ ಹೋಗಿತ್ತು. ಅದರ ಜೊತೆಗೆ ಬಜಾರದಲ್ಲಿ ಒಂದು ನಂಬಿಕೆ ಬೆಳೆದಿದೆ. ಯಂತ್ರ ನೋಡಿದ ದಿನ ಅಂಗಡಿಯ ಮುಂದೆ ಏನು ಕಾಣುತ್ತದೋ ಅದೇ ನಕ್ಷೆಯ ಮೇಲೆ ಏರುತ್ತದೆ, ಆ ದಿನ ಒಳಗಿದ್ದವನು ಬಚಾವು ಎಂದು.

“ಮೂರು ಕಾಲಿನ ಮಿಷಿನ್. ಕೊಳ್ಳಾಗ ಏನೋ ಕಾರ್ಡ್ ಹಂಗ ತೂಗಾಡ್ತದ. ಹೆಣ್ಮಗಳು ಯಾರ ಸಂಗಟನೂ ಮಾತಾಡಂಗಿಲ್ಲ,” ಎಂದು ಸಿದ್ದರಾಮ ಈಗ ನಗುತ್ತ ಹೇಳುತ್ತಾನೆ. ತೂಗಾಡುತ್ತಿದ್ದದ್ದು ಲೆನ್ಸಿನ ಮುಚ್ಚಳ. “ಸಣ್ಣ ಆಫೀಸರ್ ಆದ್ರ ಚಾ ಕುಡೀತಾರ, ಮಾತಾಡ್ತಾರ. ಈಕಿ ಚಾ ಬ್ಯಾಡ ಅಂದ್ಲು. ಭಾಳ ದೊಡ್ಡ ಆಫೀಸರ್ ಇರಬೇಕು ಅಂತ ತಿಳ್ಕೊಂಡ್ವಿ.”

ಮೂರನೆಯ ಬೆಳಿಗ್ಗೆ ಮನ್ಮಥಪ್ಪನವರ ಸರದಿ. ಅವರದು ತಂದೆಯ ಕಾಲದ ಅಂಗಡಿ, ಚರಂಡಿಯ ಮೇಲಿನ ಕಲ್ಲೂ ತಂದೆಯೇ ಹಾಕಿಸಿದ್ದು. ಎರಡು ದಿನ ನಿದ್ದೆಗೆಟ್ಟು ಯೋಚಿಸಿ, ಕಲ್ಲು ಕಂಡರೆ ಅಂಗಡಿಯ ಮುಖಕ್ಕೇ ಕುತ್ತು ಎಂದು ಲೆಕ್ಕ ಹಾಕಿದರು. ಹೊರೆ ಹೊರುವ ಹಮಾಲರನ್ನು ಕರೆಸಿದರು. ಬೊಮ್ರಾಸಪೇಟ್ ಕಡೆಯಿಂದ ಮೊದಲ ಬಸ್ಸಿಗೆ ಬಂದಿದ್ದ ಸುಭದ್ರಮ್ಮ ಆಗಲೇ ಗೋಣಿ ಹಾಸಿ, ಪುಂಡಿಪಲ್ಲೆ, ಮೆಂತೆ, ಎಳೆ ಕಡಲೆ ಸೊಪ್ಪಿನ ಕಟ್ಟುಗಳನ್ನು ಜೋಡಿಸುತ್ತಿದ್ದರು. ಹಮಾಲರೇ ಏಳಲು ಹೇಳಿದರು, ಸುಭದ್ರಮ್ಮ ಎದ್ದರು. ಅವರು ಹಾರೆ ಕೊಟ್ಟು ಕಲ್ಲನ್ನು ಎಬ್ಬಿಸಿ, ಹೊತ್ತು ಹಿತ್ತಲಿಗೆ ಒಯ್ದರು.

ಆ ಬಳಿಕ ನಡೆದದ್ದೆಲ್ಲ ಶೈಲಶ್ರೀ ಅವರ ಕ್ಯಾಮೆರಾದಲ್ಲಿದೆ. ಸುಭದ್ರಮ್ಮ ಬುಟ್ಟಿಯನ್ನು ರಸ್ತೆಯ ಮೇಲೆ ಇಡುತ್ತಾರೆ. ಸ್ಕೂಟರ್ ಹಾರ್ನ್ ಹೊಡೆಯುತ್ತದೆ. ಎತ್ತಿಕೊಂಡು ಎರಡು ಹೆಜ್ಜೆ ಆಚೆ ಇಡುತ್ತಾರೆ. ಅಲ್ಲಿ ಯಾರದೋ ಷಟರು ಎದ್ದು, ಒಳಗಿನಿಂದ ಕೈಯೊಂದು ಬೇಡ ಎನ್ನುತ್ತದೆ. ಮತ್ತೆ ಎತ್ತುತ್ತಾರೆ. ಬುಟ್ಟಿಯನ್ನು ಸೊಂಟಕ್ಕಿಟ್ಟುಕೊಂಡು ಗಲ್ಲಿಯ ಈ ತುದಿ ಆ ತುದಿ ನೋಡುತ್ತಾರೆ. ಇನ್ನೊಂದು ಕಡೆ ಇಟ್ಟು ನೋಡುತ್ತಾರೆ. ಕೊನೆಗೆ ಸೆರಗನ್ನು ಸಿಂಬಿ ಸುತ್ತಿ, ಬುಟ್ಟಿಯನ್ನು ತಲೆಯ ಮೇಲಿಟ್ಟು, ಚೌಕಟ್ಟಿನ ಎಡಬದಿಯಿಂದ ಹೊರಗೆ ನಡೆಯುತ್ತಾರೆ. ಅಷ್ಟು ಹೊತ್ತೂ ಗಲ್ಲಿಯ ಜನ ತಮ್ಮ ತಮ್ಮ ಸಾಮಾನು ಒಳಗೆಳೆದುಕೊಳ್ಳುವುದರಲ್ಲಿ ಮುಳುಗಿದ್ದಾರೆ. ಒಬ್ಬರೂ ತಲೆಯೆತ್ತಿ ನೋಡುವುದಿಲ್ಲ.

“ನಾ ನೋಡ್ಲಿಕತ್ತಿದ್ದೆ,” ಎನ್ನುತ್ತಾರೆ ಶೈಲಶ್ರೀ. “ಫ್ರೇಮ್ ಬರೋಬ್ಬರಿ ಇತ್ರಿ. ಬೆಳಕ ಚಲೋ ಬಿದ್ದಿತ್ತು. ಅಷ್ಟ ವರ್ಷದಾಗ ಅಂಥಾದ್ದೊಂದು ಸಿಕ್ಕಿರಲಿಲ್ಲ. ಖುಷಿ ಆಗಿತ್ತು ನನಗ ಆವತ್ತು. ಅದನ್ನ ಮುಚ್ಚಿಡಂಗಿಲ್ಲ,” ಎನ್ನುತ್ತಾರೆ.

ಖುಷಿ ಆ ದಿನ ಸ್ಟ್ಯಾಂಡು ಮಡಚುವವರೆಗೆ ಇತ್ತು. ಸಿದ್ದರಾಮ ಹತ್ತಿರ ಬಂದು, ಮೆಲ್ಲಗೆ, “ಮೇಡಂ, ನಮ್ಮ ಕಡಿ ಎಷ್ಟ ಫೂಟ್ ಹೋಗ್ತದ?” ಎಂದು ಕೇಳಿದ. “ಎಲ್ಲಿಗಿ ಹೋಗ್ತದ?” ಎಂದರು ಇವರು. ಒಬ್ಬರ ಮುಖ ಒಬ್ಬರು ನೋಡಿಕೊಂಡು ನಿಂತ ಆ ಗಳಿಗೆಯಲ್ಲಿ ಶೈಲಶ್ರೀಗೆ ಮೂರು ದಿನಗಳ ಶಿಸ್ತಿನ ಗುಟ್ಟು ಬಿಚ್ಚಿಕೊಂಡಿತು. 

ಯಾರನ್ನೂ ಮಾತನಾಡಿಸದ ವ್ರತವನ್ನು ಅವರು ಅಲ್ಲೇ ಮುರಿದರು. ರಸ್ತೆ ದಾಟಿ ಹೋಗಿ ಮನ್ಮಥಪ್ಪನವರಿಗೆ ಎಲ್ಲ ಬಿಡಿಸಿ ಹೇಳಿದರು. “ಕಾಕಾ, ಇದು ಅಳತಿ ಮಿಷಿನ್ ಅಲ್ರಿ, ಕ್ಯಾಮೆರಾ. ನಾ ಸುಮ್ಮ ಬಜಾರ ತೆಗೀಲಿಕತ್ತೀನಿ.”

ಮನ್ಮಥಪ್ಪ ಗಂಭೀರವಾಗಿ ತಲೆಯಾಡಿಸಿದರು. “ಆತು ಮಗಳಾ. ನೀ ಕ್ಯಾಮೆರಾ ಅಂದ್ರ ಕ್ಯಾಮೆರಾನೇ. ನಾವೇನ್ ಅಲ್ಲ ಅಂದೀವಾ? ನಮ್ಮ ಅಂಗಡಿ ಮುಂದ ಏನ್ ಬರಕೊಂಡಿದಿ, ಅದೊಂದ ಹೇಳು.”

ನಂಬಿಸಲು ಕ್ಯಾಮೆರಾದ ಹಿಂದಿನ ಸಣ್ಣ ಪರದೆಯಲ್ಲಿ ಚಿತ್ರ ತೋರಿಸಿದರು. ಅದರಿಂದ ಕೆಲಸ ಇನ್ನಷ್ಟು ಕೆಟ್ಟಿತು. ಅಂಗಡಿ, ಹೆಸರು, ಬಾಗಿಲು, ಚರಂಡಿ ಎಲ್ಲ ಅದರೊಳಗೆ ಕಂಡು ಮನ್ಮಥಪ್ಪನವರಿಗೆ ಉಳಿದಿದ್ದ ಸಂಶಯವೂ ಹೋಯಿತು. ಫೋಟೋ ಸಮೇತ ಅಳತೆ ಆಗಿದೆ ಎಂದು ಅವರು ಸಂಜೆಯೊಳಗೆ ಇಡೀ ಸಾಲಿಗೆ ತಿಳಿಸಿದರು. ಶೈಲಶ್ರೀ ಮರುದಿನ ಸ್ಟ್ಯಾಂಡಿಗೆ ಒಂದು ರಟ್ಟು ಕಟ್ಟಿದರು. ಇದು ಸಿನಿಮಾ ಕ್ಯಾಮೆರಾ, ಸರ್ವೆಗೆ ಸಂಬಂಧವಿಲ್ಲ ಎಂದು ತೆಲುಗಿನಲ್ಲೊಮ್ಮೆ, ಉರ್ದುವಿನಲ್ಲೊಮ್ಮೆ ಬರೆದಿತ್ತು. ಸರ್ವೆ ಅಲ್ಲದಿದ್ದರೆ ಅಲ್ಲ ಎಂದು ಯಾಕೆ ಬರೆಯಬೇಕು ಎಂಬ ಪ್ರಶ್ನೆ ಎದ್ದಿತು. ಹಗ್ಗಕ್ಕೆ ಒಣಗಲು ಹಾಕಿದ್ದ ಬಟ್ಟೆಗಳೂ ಆ ದಿನ ಒಳಗೆ ಹೋದವು.

ಉಳಿದವರದು ಹಗುರದ ಸಾಮಾನು. ಕ್ಯಾಮೆರಾ ಹೋದೊಡನೆ ಚಪ್ಪರ ಬಿಚ್ಚಿಕೊಳ್ಳುತ್ತದೆ, ಕೊಡ ತೂಗುತ್ತದೆ, ಬೋರ್ಡು ಏರುತ್ತದೆ. ಕಲ್ಲು ಹಾಗಲ್ಲ. ಒಮ್ಮೆ ಹಿತ್ತಲು ಸೇರಿತೆಂದರೆ ಸೇರಿತು. ಅದರ ಮೇಲೆ ಮನೆಯವರು ಬಟ್ಟೆ ಒಗೆಯಲು ಶುರು ಮಾಡಿದರು.

ಸುಭದ್ರಮ್ಮನನ್ನು ಹುಡುಕುವುದು ಈಗ ಸುಲಭವಲ್ಲ. ಬುಟ್ಟಿ ಹೊತ್ತು ಓಣಿ ಓಣಿ ಕೂಗುತ್ತಾರೆ. ಒಂದು ಮಧ್ಯಾಹ್ನ ಬೇವಿನ ಮರದ ಕೆಳಗೆ ಬುಟ್ಟಿ ಇಳಿಸಿ ಮೊಣಕಾಲು ನೀವಿಕೊಳ್ಳುತ್ತಿರುವಾಗ ಸಿಗುತ್ತಾರೆ. ಎತ್ತರದ ಹೆಂಗಸು, ಹಣೆಯ ಮೇಲೆ ದೊಡ್ಡ ಕುಂಕುಮ. ಊರಿನಲ್ಲಿ ಪತಿ ಅಮೋಘಸಿದ್ದ ಕುರಿ ಮೇಯಿಸುತ್ತಾರೆ, ಇವರು ಸೊಪ್ಪು ಬೆಳೆದು ಮಾರುತ್ತಾರೆ. ದೂರು ಹೇಳುವ ಸ್ವಭಾವವಲ್ಲ, ಕೇಳಿದ್ದಕ್ಕೆ ಮಾತ್ರ ಉತ್ತರ.

“ಕುಂತು ಮಾರೋದಕ್ಕ, ತಿರುಗಿ ಮಾರೋದಕ್ಕ ಭಾಳ ಫರಕ್ ಅದರಿ. ಕುಂತ್ರ ಮಂದಿ ನಮ್ಮನ್ನ ಹುಡುಕ್ಕೊಂಡ ಬರ್ತಾರ. ತಿರುಗಿದ್ರ ನಾವ ಮಂದಿನ್ನ ಹುಡುಕಬೇಕು,” ಎನ್ನುತ್ತಾರೆ. ಬುಟ್ಟಿಯ ಸೊಪ್ಪಿಗೆ ನೀರು ಚಿಮುಕಿಸಿ ಮುಂದುವರಿಸುತ್ತಾರೆ. “ಅಲ್ಲಿ ಎಲ್ಲಾರಿಗಿ ನನ್ನ ಹೆಸರು ಗೊತ್ತಿತ್ತು. ಸುಭದ್ರಮ್ಮ ಎಲ್ಲಿ, ಇವತ್ತ ಬಂದಿಲ್ಲೇನು ಅಂತ ಕೇಳೋರು. ಈ ಓಣ್ಯಾಗ ‘ಏ ಪಲ್ಲೆದಾಕಿ’ ಅಂತಾರ.”

ಮನ್ಮಥಪ್ಪನವರನ್ನು ಒಂದು ಮಾತು ಕೇಳಬಹುದಿತ್ತಲ್ಲ ಎಂದರೆ ಅವರಿಗೆ ಆ ಪ್ರಶ್ನೆಯೇ ವಿಚಿತ್ರ ಅನಿಸುತ್ತದೆ. “ಕಲ್ಲು ಅವರದು. ಇಟ್ಟಾಗ ಕುಂತೆ, ತೆಗೆದಾಗ ಎದ್ದೆ. ಕೇಳಾಕ ನಾ ಯಾರ್ರಿ?”

ಇತ್ತ ಇನ್ನೊಂದು ಬೆಳವಣಿಗೆ. ಹೈದರಾಬಾದಿನ ಒಂದು ಕಲಾ ಗ್ಯಾಲರಿಯವರು ಶೈಲಶ್ರೀ ಕಳಿಸಿದ ಅರೆಬರೆ ಚಿತ್ರವನ್ನು ನೋಡಿ, ಪ್ರದರ್ಶನಕ್ಕೆ ಬೇಕೆಂದರು. ಅವರಿಗೆ ಹಿಡಿಸಿದ್ದು ಸೊಪ್ಪಿನ ಹೆಂಗಸು ಬುಟ್ಟಿ ಇಡಲು ಜಾಗ ಹುಡುಕುವ ಭಾಗ. ಚಿತ್ರದ ಜೀವವೇ ಅದು ಎಂದರು. ಊರಾಚೆ ಯಾರೂ ಈವರೆಗೆ ಕೇಳದಿದ್ದ ಅವರ ಹೆಸರು ಗ್ಯಾಲರಿಯ ಗೋಡೆಯ ಮೇಲೆ ಬರುವ ಸಂದರ್ಭ. ಶೈಲಶ್ರೀಗೆ ಆಸೆಯಾಯಿತು, ಆಗದೇ ಇರುತ್ತದೆಯೇ. ಆದರೆ ಅವರದೊಂದು ಪದ್ಧತಿಯಿದೆ. ಹೊರಗಿನ ಪ್ರದರ್ಶನಕ್ಕೆ ಕೊಡುವ ಮುಂಚೆ, ಯಾವ ಬೀದಿಯ ಚಿತ್ರವೋ ಆ ಬೀದಿಯಲ್ಲೇ ತೋರಿಸಬೇಕು. ನೋಡಿದ ಮೇಲೆ ತನ್ನ ಭಾಗ ಬೇಡವೆಂದು ಯಾರಾದರೂ ಹೇಳಿದರೆ, ಕಾರಣ ಕೇಳಬಹುದು, ವಾದ ಮಾಡಬಾರದು, ತೆಗೆದುಬಿಡಬೇಕು.

ಹೀಗಾಗಿ ಒಂದು ಶನಿವಾರ ದೀಪ ಹಚ್ಚುವ ಹೊತ್ತಿಗೆ ಮನ್ಮಥಪ್ಪನವರ ಷಟರಿನ ಮೇಲೆ ಬಿಳಿ ಧೋತರ ಕಟ್ಟಲಾಗಿದೆ. ಇದಕ್ಕೆ ಅವರು ಒಪ್ಪಿದ್ದು ಹೇಗೆ ಎಂದರೆ, ಶೈಲಶ್ರೀ ಈ ಸಲ ಬೇರೆ ಮಾತು ಆಡಿದ್ದಾರೆ: “ನೀವು ಏನೇನ್ ಹೊರಗ ಇಟ್ಟಿದ್ರಿ, ಏನೇನ್ ಒಳಗ ತಗೊಂಡ್ರಿ, ಎಲ್ಲಾ ತೋರಿಸ್ತೀನ್ರಿ.” ಇದರಲ್ಲಿ ಸುಳ್ಳಿಲ್ಲ. ನಕ್ಷೆ ತೋರಿಸುತ್ತಾರಂತೆ ಎಂದು ಇಡೀ ಬಜಾರವೇ ನೆರೆದಿದೆ. ಹಿಂದಿನ ಸಾಲಿನಲ್ಲಿ ಒಬ್ಬಿಬ್ಬರು ಅಂಗಡಿಯ ಕಾಗದಪತ್ರಗಳನ್ನೂ ಚೀಲದಲ್ಲಿ ತಂದಿದ್ದಾರೆ. ಬಸವಕಿರಣ ವೈರು ಎಳೆದಿದ್ದಾರೆ. ಒಂದು ಬದಿಯಲ್ಲಿ, ನೆಲದ ಮೇಲೆ, ಸುಭದ್ರಮ್ಮನೂ ಹೆಗಲ ಮೇಲೆ ಕಂಬಳಿ ಹೊದ್ದ ಅಮೋಘಸಿದ್ದರೂ ಕೂತಿದ್ದಾರೆ. ಅವರನ್ನು ಊರಿಗೆ ಹೋಗಿ ಕರೆದು ತಂದವರು ಶೈಲಶ್ರೀ.

ಚಿತ್ರ ಶುರುವಾಗುತ್ತದೆ. ಧೋತರದ ಮೇಲೆ ಬೆಳಗಿನ ಗಲ್ಲಿ. ಬನಿಯನ್ನಿನಲ್ಲಿ ಹೊರಬಂದ ಮನ್ಮಥಪ್ಪ ಅತ್ತಿತ್ತ ನೋಡಿ ಗೋಣಿ ಚೀಲವನ್ನು ಕಾಲಿನಿಂದ ಒಳಗೆ ತಳ್ಳುತ್ತಾರೆ. ಗುಂಪಿನಲ್ಲಿ ಒಂದು ನಗು ಏಳುತ್ತದೆ. ಬೋರ್ಡು ಬಗಲಲ್ಲಿಟ್ಟುಕೊಂಡ ಸಿದ್ದರಾಮ ಕಂಡಾಗ ನಗು ಜೋರಾಗುತ್ತದೆ, ಸಿದ್ದರಾಮನೇ ಎಲ್ಲರಿಗಿಂತ ಹೆಚ್ಚು ನಗುತ್ತಾನೆ. ನಕ್ಷೆ ಬರುವುದಿಲ್ಲ ಎಂಬುದು ನಿಧಾನವಾಗಿ ಎಲ್ಲರಿಗೂ ಅರಿವಾಗುತ್ತದೆ. ತಾವು ಹೆದರಿದ್ದು ಒಂದು ಕ್ಯಾಮೆರಾಕ್ಕೆ ಎಂಬುದೂ. ಆಮೇಲೆ ಹಮಾಲರು ಬರುತ್ತಾರೆ, ಕಲ್ಲು ಏಳುತ್ತದೆ. ಸುಭದ್ರಮ್ಮ ಬುಟ್ಟಿ ಇಡುತ್ತಾರೆ, ಎತ್ತುತ್ತಾರೆ. ನಗು ಅಲ್ಲೊಂದು ಇಲ್ಲೊಂದು ಉಳಿಯುತ್ತದೆ. ಮತ್ತೆ ಇಡುತ್ತಾರೆ, ಮತ್ತೆ ಎತ್ತುತ್ತಾರೆ. ಈಗ ನಗುವವರು ಯಾರೂ ಇಲ್ಲ. ಆಚೆ ಈಚೆ ತಮ್ಮ ಬೆನ್ನುಗಳು ಓಡಾಡುವುದನ್ನು ಜನ ನೋಡುತ್ತಿದ್ದಾರೆ.

ಒಂದು ಬದಿಯಿಂದ ಅಮೋಘಸಿದ್ದರ ದನಿ ಕೇಳಿಸುತ್ತದೆ. ಕೋಪವಿಲ್ಲ, ತಿಳಿದುಕೊಳ್ಳಲು ಕೇಳಿದ ಪ್ರಶ್ನೆ ಅಷ್ಟೇ. “ಇಷ್ಟ ಮಂದಿ ಇದ್ದು ಬುಟ್ಟಿಗಿ ಒಬ್ಬರೂ ಕೈ ಹಚ್ಚಲಿಲ್ಲೇನು?”

ಪ್ರೊಜೆಕ್ಟರಿನ ಪಕ್ಕ ನಿಂತಿದ್ದ ಶೈಲಶ್ರೀ, “ನಾನೂ ಅಲ್ಲೇ ಇದ್ದೆ ಅಣ್ಣಾ. ಎಲ್ಲಾರಕಿಂತ ಹತ್ತಿರ ಇದ್ದೆ,” ಎನ್ನುತ್ತಾರೆ. ಚಿತ್ರ ಮುಗಿದ ಮೇಲೆ ಯಾರೂ ಚಪ್ಪಾಳೆ ತಟ್ಟುವುದಿಲ್ಲ. ಮನ್ಮಥಪ್ಪ ಧೋತರ ಬಿಚ್ಚುವುದಕ್ಕೂ ಕಾಯದೆ, ಬದಿಯ ಬಾಗಿಲಿನಿಂದ ಮನೆಯೊಳಗೆ ಹೋಗುತ್ತಾರೆ.

ಸೋಮವಾರ ಬೆಳಿಗ್ಗೆ ಹಿತ್ತಲಿನಿಂದ ಕಲ್ಲು ಹೊರಬರುತ್ತದೆ. ಅದರ ಒಂದು ಮೂಲೆಯಲ್ಲಿ ಸೋಪಿನ ಬಿಳಿ ಕಲೆ ಕೂತುಬಿಟ್ಟಿದೆ. ಹಮಾಲರು ಸಾಲದೆ ಸಿದ್ದರಾಮನೂ ಇನ್ನಿಬ್ಬರು ಅಂಗಡಿಯವರೂ ಕೈ ಕೊಡುತ್ತಾರೆ. ಮನ್ಮಥಪ್ಪ ಎದುರು ನಿಂತು ಒಂದು ಕಡೆ ಎತ್ತರವಾಯಿತು, ಇನ್ನೊಂದು ಕಡೆ ತಗ್ಗಾಯಿತು ಎಂದು ಎರಡು ಸಲ ಎತ್ತಿಸಿ ಕೂರಿಸುತ್ತಾರೆ. ನಾಳೆ ನಿಜವಾಗಿಯೂ ರಸ್ತೆ ಅಗಲವಾದರೆ ಎಂದು ಯಾರೋ ಕೇಳುತ್ತಾರೆ. “ಆವಾಗಿನ ಮಾತು ಆವಾಗ. ಆಗ ನಾ ಆಕಿಗಿ ಮೊದಲ ಹೇಳ್ತೀನಿ, ಆಮ್ಯಾಲ ಕಲ್ಲ ತೆಗೀತೀನಿ,” ಎನ್ನುತ್ತಾರೆ. ಯಾರೂ ಕೇಳದಿದ್ದರೂ ಇನ್ನೊಂದು ಮಾತು ಸೇರಿಸುತ್ತಾರೆ. “ಆವತ್ತ ನಾ ಒಳಗ ಇದ್ದೆ. ಆಕಿ ಎಲ್ಲಿ ಹೋದ್ಲು ಅಂತ ಹೊರಗ ಬಂದು ನೋಡೇ ಇಲ್ಲ. ಅಪ್ಪ ಇದ್ದಿದ್ರ ನನಗ ಬೈತಿದ್ದ.”

ಹೇಳಿ ಕಳಿಸಿದ ಮೇಲೆ ಸುಭದ್ರಮ್ಮ ಬರುತ್ತಾರೆ. ಕಲ್ಲಿಗೆ ಒಂದು ಚೆಂಬು ನೀರು ಹೊಯ್ದು, ಅಂಗೈಯಿಂದ ಒರೆಸಿ, ಗೋಣಿ ಹಾಸಿ ಕೂರುತ್ತಾರೆ. ಮೊದಲ ಗಿರಾಕಿ, ಇಷ್ಟು ದಿನ ಎಲ್ಲಿ ಹೋಗಿದ್ದೆ ಸುಭದ್ರಮ್ಮ ಎಂದು ಕೇಳುತ್ತಾಳೆ. ಇಲ್ಲೇ ಇದ್ದೆ ಎಂದು ಅವರು ಮೆಂತೆ ಕಟ್ಟು ಕೊಡುತ್ತಾರೆ. ಮೆಟ್ಟಿಲ ಬಳಿ ನಿಂತ ಕ್ಯಾಮೆರಾ ಅದನ್ನು ನೋಡುತ್ತಿದೆ. ಹಿಂದೆ ನಿಂತ ಶೈಲಶ್ರೀ ಕಣ್ಣೊರೆಸಿಕೊಳ್ಳುತ್ತಾರೆ. ಇನ್ನು ಚಿತ್ರ ಮುಗಿಯಿತು ಎಂದೇ ಅವರು ತಿಳಿದಿದ್ದಾರೆ.

ಹೊತ್ತೇರಿ ಗಿರಾಕಿ ಕಡಿಮೆಯಾದಾಗ ಸುಭದ್ರಮ್ಮ ಅವರನ್ನು ಕೈ ಮಾಡಿ ಕರೆಯುತ್ತಾರೆ. ಕಲ್ಲಿನ ಮೇಲೆ ಸರಿದು ಪಕ್ಕದಲ್ಲಿ ಜಾಗ ಕೊಡುತ್ತಾರೆ.

“ತಂಗಿ, ಅದರಾಗ ನಾ ಬುಟ್ಟಿ ಹಿಡ್ಕೊಂಡ ತಿರಗೋದು ಅದಲ್ಲ, ಅದನ್ನ ತೆಗೆದ ಬಿಡು.”

ಶೈಲಶ್ರೀ, “ಯಾಕ ಅವ್ವಾ?” ಎನ್ನುತ್ತಾರೆ.

“ಇಲ್ಲಿ ಮಂದಿ ನೋಡ್ಯಾರ, ಆತು. ಇವರಿಗಿ ನಾ ಯಾರಂತ ಗೊತ್ತದ. ಹೈದ್ರಾಬಾದಿನ ಮಂದಿಗಿ ಏನ್ ಗೊತ್ತು? ಬುಟ್ಟಿ ಇಡಾಕ ಜಾಗಾ ಇಲ್ಲದಾಕಿ ಅಂತ ಅಷ್ಟೇ ತಿಳ್ಕೋತಾರ. ನನಗ ಜಾಗಾ ಅದ.”

ವಾದ ಮಾಡುವಂತಿಲ್ಲ, ಮಾಡಲು ಉಳಿದೂ ಇಲ್ಲ. ಮನೆಗೆ ಬಂದು ಕಂಪ್ಯೂಟರಿನ ಮುಂದೆ ಕೂತ ಶೈಲಶ್ರೀ ಆ ಭಾಗವನ್ನು ಇನ್ನೊಮ್ಮೆ ನೋಡುತ್ತಾರೆ. ಬೆಳಕು ಈಗಲೂ ಚೆನ್ನಾಗಿಯೇ ಇದೆ. ಅಷ್ಟು ವರ್ಷ ಕಾದು ಸಿಕ್ಕಿದ್ದನ್ನು ಕೈಯಾರೆ ಕಿತ್ತು ಹಾಕುವುದು ಸಂಕಟದ ಕೆಲಸ, ಆ ಸಂಕಟವನ್ನು ಅವರು ಮುಚ್ಚಿಡುವುದಿಲ್ಲ. ಊಟ ಬಿಟ್ಟು ಕೂತಿದ್ದರು ಎಂದು ಬಸವಕಿರಣ ಹೇಳುತ್ತಾರೆ. ಸಂಜೆಯೊಳಗೆ ತೆಗೆದು ಹಾಕುತ್ತಾರೆ, ಮೂಲವನ್ನೂ ಅಳಿಸುತ್ತಾರೆ. ಇಟ್ಟುಕೊಂಡರೆ ಯಾವತ್ತೋ ಒಂದು ದಿನ ಮನಸ್ಸು ಸೋಲಬಹುದು ಎಂಬ ಅಂಜಿಕೆ.

ಗ್ಯಾಲರಿಯವರು ಹೊಸ ಪ್ರತಿ ನೋಡಿ, ಆ ಭಾಗವಿಲ್ಲದೆ ಚಿತ್ರದಲ್ಲಿ ಅಂಥ ವಿಶೇಷವೇನೂ ಉಳಿಯಲಿಲ್ಲ, ಮುಂದೆ ಎಂದಾದರೂ ನೋಡೋಣ ಎಂದು ತಿಳಿಸುತ್ತಾರೆ. ಅವರು ಹೇಳಿದ್ದು ಸುಳ್ಳೂ ಅಲ್ಲ. ಈಗ ಉಳಿದಿರುವುದು ಒಂದು ಬೀದಿ, ಸಾಮಾನು ಒಳಗೆ ಹೋಗುವುದು, ಹೊರಗೆ ಬರುವುದು, ಕಲ್ಲಿನ ಮೇಲೆ ಒಬ್ಬ ಹೆಂಗಸು ಸೊಪ್ಪು ಮಾರುವುದು. ತಾಂಡೂರಿನಿಂದ ಕಳಿಸಿದ ಚಿತ್ರ ತಾಂಡೂರಿಗೇ ವಾಪಸಾಗಿದೆ.

ನೋವಾಯಿತೇ ಎಂದು ಕೇಳಿದರೆ ಶೈಲಶ್ರೀ ಆಯಿತು ಎನ್ನುತ್ತಾರೆ, ಮುಚ್ಚುಮರೆಯಿಲ್ಲದೆ. ಬರುವ ವಾರ ಎರಡು ಮದುವೆಗಳಿವೆ, ಬ್ಯಾಟರಿಗಳನ್ನು ಚಾರ್ಜಿಗೆ ಹಾಕುತ್ತಿದ್ದಾರೆ. ಒಂದನ್ನು ಚುಚ್ಚಿ, ಅದರ ಸಣ್ಣ ದೀಪ ಹೊತ್ತಿದ್ದು ನೋಡಿ, ತಿರುಗಿ ಹೇಳುತ್ತಾರೆ:

“ಅದನ್ನ ಯಾರು ನೋಡಬೇಕಿತ್ತೋ ಅವರು ನೋಡ್ಯಾರ್ರಿ. ಒಂದ ಸಂಜಿ, ಒಂದ ಗಲ್ಲಿ. ಒಂದ ದಿನಾ ಬಿಟ್ಟು ಕಲ್ಲ ವಾಪಸ್ ಬಂತು. ನನ್ನ ಯಾವ ಪಿಚ್ಚರೂ ಇಷ್ಟ ಕೆಲಸಾ ಮಾಡಿರಲಿಲ್ಲ.”